ಶಿಫ್ಟ್ ಬಟ್ಟೆಯಲ್ಲೇ ಬನ್ನಿ

ಗ್ಲಾಸ್ಗೋದ ಸ್ಟ್ರಾತ್‌ಕ್ಲೈಡ್ ವಿಶ್ವವಿದ್ಯಾಲಯದಲ್ಲಿ ಓದಿದ ನಮ್ಮ ಮಕ್ಕಳಿಗೆ ಪದವಿ ಕೊಡುವುದು ಬ್ಯಾರನಿ ಹಾಲ್‌ನಲ್ಲಿ. ಅಲ್ಲೇ ಹತ್ತಿರ, ಕೆಥೀಡ್ರಲ್ ಚೌಕದಲ್ಲಿ, ನಿಲುವಂಗಿ ತೊಟ್ಟ ಒಬ್ಬ ಪಾದ್ರಿಯ ಪ್ರತಿಮೆ ಇದೆ. ಮೊನ್ನೆ ಎಲ್ಲರೂ ಫೋಟೋ ತೆಗೆಸಿಕೊಳ್ಳುವಾಗ ನಮ್ಮ ಪುಟಾಣಿಯೊಬ್ಬ ಕೇಳಿದ: "ಈ ಅಂಕಲ್‌ಗೂ ಇವತ್ತೇ ಡಿಗ್ರಿ ಸಿಕ್ಕಿದ್ದಾ?"

ಅವರ ಹೆಸರು ನಾರ್ಮನ್ ಮ್ಯಾಕ್ಲೌಡ್. ಪ್ರೆಸ್ಬಿಟೇರಿಯನ್, ಅಂದರೆ ಸ್ಕಾಟ್ಲೆಂಡಿನ ಪ್ರಾಟೆಸ್ಟೆಂಟ್ ಪಂಗಡದ ಪಾದ್ರಿ. ಹುಟ್ಟಿದ್ದು 1812ರಲ್ಲಿ, ಕ್ಯಾಂಪ್ಬೆಲ್‌ಟೌನ್‌ನಲ್ಲಿ. ಅಪ್ಪನೂ ಪಾದ್ರಿ, ಗೇಲಿಕ್ ಭಾಷೆಯ ಪತ್ರಿಕೆ ನಡೆಸಿದವರು. ಮಗ 1851ರಲ್ಲಿ ಗ್ಲಾಸ್ಗೋದ ಬ್ಯಾರನಿ ಚರ್ಚ್‌ಗೆ ಬಂದರು, 1857ರಲ್ಲಿ ವಿಕ್ಟೋರಿಯಾ ರಾಣಿಯ ಪಾದ್ರಿಯಾದರು. 1860ರಿಂದ ಸಾಯುವವರೆಗೂ ‘ಗುಡ್ ವರ್ಡ್ಸ್’ ಮಾಸಪತ್ರಿಕೆಯ ಸಂಪಾದಕರು. ಧರ್ಮದ ಪತ್ರಿಕೆಯಲ್ಲಿ ಕಥೆ-ಕಾದಂಬರಿ ಯಾಕೆ ಅಂತ ಮಡಿವಂತರು ಬೈದರಂತೆ. ಸಂಪಾದಕರ ಪಾಡು ಆಗಲೂ ಇಷ್ಟೇ!

ಗಂಡ ಆಲ್ಬರ್ಟ್ ತೀರಿಕೊಂಡ ಮೇಲೆ ರಾಣಿ ಇವರನ್ನು ಸ್ಕಾಟ್ಲೆಂಡಿನ ತನ್ನ ಅರಮನೆ ಬಾಲ್ಮೋರಲ್‌ಗೆ ಕರೆಸಿಕೊಂಡು ಮನಸ್ಸು ಹಗುರ ಮಾಡಿಕೊಂಡಳು. ಒಮ್ಮೆ ಅಲ್ಲಿ ರಾಣಿ ರಾಟೆ ಹಿಡಿದು ನೂಲುತ್ತಾ ಕೂತಿದ್ದಳು, ಇವರು ಸ್ಕಾಟ್ಲೆಂಡಿನ ಕವಿ ಬರ್ನ್ಸ್ ಅವರ ಕವಿತೆ ಓದಿದರು. ಬಿರುದು ಬಾವಲಿಗಳನ್ನೆಲ್ಲ ಗೇಲಿ ಮಾಡುವ ಕವಿತೆಯೇ ರಾಣಿಗೆ ಅಚ್ಚುಮೆಚ್ಚು! ಇದನ್ನು ಓದಿದಾಗ ನನಗೆ ನಮ್ಮೂರ ಜಗುಲಿ ಕಣ್ಣ ಮುಂದೆ ಬಂತು. ತಾತ ರಾಗವಾಗಿ ಭಾರತ ಓದೋರು. ಅಜ್ಜಿ ಮೊರದ ತುಂಬ ಅವರೆಕಾಯಿ ಇಟ್ಟುಕೊಂಡು ಸುಲಿಯೋರು. ದ್ರೌಪದಿಯ ಸೀರೆಗೆ ಕೈ ಹಾಕುವ ಕಡೆ ಅಜ್ಜಿಯ ಕೈ ನಿಂತುಬಿಡುತ್ತಿತ್ತು. "ಮುಂದಕ್ಕೆ ಓದಿ" ಅಂತ ಗದರೋರು. ಕಾಳಿಗಿಂತ ಹುಳುವೇ ಜಾಸ್ತಿ ಅಂತ ನಡುನಡುವೆ ಬೈಗುಳ ಬೇರೆ. ಬೆರಳಿಗೆ ಅಂಟಿದ ಸೊಗಡು ಮಾರನೇ ದಿನವೂ ಹೋಗುತ್ತಿರಲಿಲ್ಲ. ಇಲ್ಲಿ ಸಿಗುವ ಫ್ರೋಜನ್ ಅವರೆಗೆ ಆ ವಾಸನೆ ಎಲ್ಲಿ, ಅಲ್ವಾ?

ಮ್ಯಾಕ್ಲೌಡ್ 1867ರಲ್ಲಿ ಚರ್ಚ್ ಪರವಾಗಿ ಇಂಡಿಯಾಕ್ಕೂ ಹೋಗಿದ್ದರು. ನಮ್ಮ ಬೆಂಗಳೂರಿನ ಕಬ್ಬನ್ ರಸ್ತೆಯ ಸೇಂಟ್ ಆಂಡ್ರ್ಯೂಸ್ ಚರ್ಚ್, ಮೊದಲು ಅದೂ ಸ್ಕಾಟ್ಲೆಂಡಿನವರದ್ದೇ, ಶುರುವಾಗಿ ಆಗ ಒಂದು ವರ್ಷ. 1872ರಲ್ಲಿ ತೀರಿಕೊಂಡರು.

ಆದರೆ ಅರಮನೆಯ ಸಂಗತಿಗಿಂತ ನನಗೆ ಹಿಡಿಸಿದ್ದು ಬೇರೆ. ಒಳ್ಳೆ ಬಟ್ಟೆ ಇಲ್ಲ ಅಂತ ಗ್ಲಾಸ್ಗೋದ ಬಡ ಕೂಲಿಕಾರರು ಚರ್ಚ್ ಕಡೆ ಬರುತ್ತಿರಲಿಲ್ಲ. ಇವರು ಭಾನುವಾರ ಸಂಜೆ ಅವರಿಗೇ ಅಂತ ಪ್ರಾರ್ಥನೆ ಇಟ್ಟರು. ಕೆಲಸದ ಬಟ್ಟೆಯಲ್ಲೇ ಬರಬೇಕು, ನೀಟಾಗಿ ಡ್ರೆಸ್ ಮಾಡಿಕೊಂಡವರಿಗೆ ಪ್ರವೇಶ ಇಲ್ಲ!

ಇದನ್ನು ಈಗ ಹೇಳೋಕೆ ಕಾರಣ ಇದೆ. ಕೇರ್ ಹೋಮ್‌ನಲ್ಲಿ ನೈಟ್ ಡ್ಯೂಟಿ ಮಾಡುವ ವಿದ್ಯಾರ್ಥಿನಿಯೊಬ್ಬಳು "ರೇಷ್ಮೆ ಸೀರೆ ಇಲ್ಲ, ರಾಜ್ಯೋತ್ಸವಕ್ಕೆ ಬರಲ್ಲ ಅಕ್ಕಾ" ಅಂದಳು. ನಮ್ಮ ಕಾರ್ಯಕ್ರಮ ಯಾವಾಗ ಸೀರೆ ಪ್ರದರ್ಶನ ಆಯಿತು? ಯೂನಿಫಾರ್ಮ್‌ನಲ್ಲೇ ಬನ್ನಿ, ಡೆಲಿವರಿ ಬ್ಯಾಗ್ ಸಮೇತ ಬನ್ನಿ.

ರಾಜ್ಯೋತ್ಸವ ಎರಡನೇ ಶನಿವಾರ, ಮಧ್ಯಾಹ್ನ ಮೂರಕ್ಕೆ, ಎಂದಿನ ಹಾಲ್‌ನಲ್ಲೇ. ಮಕ್ಕಳ ಹಾಡಿನ ರಿಹರ್ಸಲ್ ಹಿಂದಿನ ಭಾನುವಾರ. ಕನ್ನಡ ಕಲಿ ತರಗತಿಗೆ ಆ ವಾರ ರಜೆ. ಸದಸ್ಯತ್ವದ ಹಣ ಬಾಕಿ ಇರುವವರು ದಯವಿಟ್ಟು ಕೊಟ್ಟುಬಿಡಿ. ಈ ಪತ್ರಿಕೆಯ ಟೈಪಿಂಗ್, ಪ್ರೂಫ್ ಎಲ್ಲ ನಾನೊಬ್ಬಳೇ, ರಾತ್ರಿ ಒಂದು ಗಂಟೆಗೆ. ಯಾರಾದರೂ ಜೊತೆಗೆ ಬನ್ನಿ. ಹಾಗೇ ಬಿಸಿಬೇಳೆಬಾತ್ ಪಾತ್ರೆ ತೊಳೆಯೋಕೆ ಇಬ್ಬರು ಬೇಕು. ಗಂಡಸರಾದರೂ ಪರವಾಗಿಲ್ಲ.