ಮೂರು ಸಾವಿರ ಕಡಿಮೆ ಹಿಡಿದರೆ ಆರು ಲಕ್ಷ ಲುಕ್ಸಾನು

ಸಂಪಾದಕರೇ,

ರಸ್ತೆ ಅಪಘಾತದಲ್ಲಿ ಸತ್ತವರ ಮನೆಯವರಿಗೆ ಪರಿಹಾರ ಎಷ್ಟು ಅನ್ನೋದು ಯಾರದೋ ಕರುಣೆ ಅಲ್ಲ. ಸುಪ್ರೀಂ ಕೋರ್ಟ್‌ನ 2009ರ ಸರಳಾ ವರ್ಮಾ ಮತ್ತು 2017ರ ಪ್ರಣಯ್ ಸೇಥಿ ತೀರ್ಪುಗಳು ಅದಕ್ಕೆ ಲೆಕ್ಕ ಹಾಕಿಕೊಟ್ಟಿವೆ.

ನಮ್ಮ ಗಂಗಾವತಿಯ ಅಕ್ಕಿ ಮಿಲ್ಲಿನ ಹಮಾಲಿಯೊಬ್ಬ ಹೀಗೆ ಸತ್ತ ಅಂದುಕೊಳ್ಳಿ. ವಯಸ್ಸು 32, ಮನೆಯಲ್ಲಿ ಹೆಂಡತಿ, ಇಬ್ಬರು ಮಕ್ಕಳು, ತಾಯಿ. ತಿಂಗಳ ದುಡಿಮೆ 15,000 ರೂಪಾಯಿ ಅಂತ ಒಪ್ಪಿದರೆ, ಮುಂದೆ ಹೆಚ್ಚಬಹುದಾಗಿದ್ದ ಗಳಿಕೆ ಅಂತ ಶೇ 40 ಸೇರಿಸಿ, ಅವನ ಸ್ವಂತ ಖರ್ಚಿಗೆ ಕಾಲು ಭಾಗ ಕಳೆದು, ವರ್ಷದ ಮೊತ್ತವನ್ನು ಆ ವಯಸ್ಸಿಗೆ ಗೊತ್ತು ಮಾಡಿದ 16ರಿಂದ ಗುಣಿಸಬೇಕು. 30,24,000 ಆಗುತ್ತದೆ. ಅದೇ ದುಡಿಮೆಯನ್ನು 12,000 ಅಂತ ಹಿಡಿದರೆ 24,19,200. ಆರು ಲಕ್ಷ ಹೋಯ್ತು ನೋಡಿ!

ಜಗಳ ಇರೋದೇ ಇಲ್ಲಿ. ಗುಮಾಸ್ತ ಹಳೇ ನೋಟ್‌ಬುಕ್ಕಿನಲ್ಲಿ ಚೀಲದ ಲೆಕ್ಕ ಗೀಚಿ, ವಾರಕ್ಕೊಮ್ಮೆ ಕೈಗೆ ನಗದು ಕೊಡ್ತಾನೆ. ಆಮೇಲೆ ವಿಮೆ ಕಂಪನಿ ವಕೀಲರು ಸಂಬಳದ ದಾಖಲೆ ಎಲ್ಲಿ ಅಂತ ಕೇಳಿದರೆ ಸತ್ತವನ ಹೆಂಡತಿ ಏನು ತೋರಿಸಬೇಕು? ದಾಖಲೆ ಇಲ್ಲದಿದ್ದರೆ ಅಂದಾಜಿನ ಆದಾಯವೇ ಗತಿ.

ಮಿಲ್ಲಿನವರು ತಿಂಗಳಿಗೊಂದು ಕೂಲಿ ಚೀಟಿ ಕೊಡಲಿ, ಇಲ್ಲಾ ಕೂಲಿಯನ್ನು ಬ್ಯಾಂಕ್ ಖಾತೆಗೆ ಹಾಕಲಿ. ಕಾರ್ಮಿಕ ಇಲಾಖೆ ಇದನ್ನು ಕಡ್ಡಾಯವಾಗಿ ಮಾಡಿಸಬೇಕು.

— ಓದುಗ, ಗಂಗಾವತಿ