ಮೆಟ್ಟಿಲು ಗುಡಿಸಿದ್ದು ಹೌದು, ಕೆಲಸ ಹೋಗಿಲ್ಲ

ಬ್ರೆಮೆನ್, ಜರ್ಮನಿ
ಭಾನುವಾರ, ಮಧ್ಯಾಹ್ನ

ಅಮ್ಮನಿಗೆ ನಮಸ್ಕಾರ. ಅಪ್ಪನಿಗೂ ಅಜ್ಜಿಗೂ ನಮಸ್ಕಾರ. ಇಲ್ಲಿ ಎಲ್ಲ ಕ್ಷೇಮ.

ಪಾರ್ಸೆಲ್ ಬಂತು. ಚಟ್ನಿಪುಡಿ ಡಬ್ಬಿಯ ಮುಚ್ಚಳದೊಳಗೆ ಮಡಿಚಿಟ್ಟಿದ್ದ ನಿನ್ನ ಕಾಗದವೂ ಸಿಕ್ಕಿತು. ಉಪ್ಪಿನಕಾಯಿ ಎಣ್ಣೆ ಸೋರಿ ಎರಡನೇ ಪುಟ ಅರ್ಧ ಓದಲು ಆಗಲಿಲ್ಲ. ಓದಿದಷ್ಟಕ್ಕೇ ಎದೆ ಧಸಕ್ ಅಂತು. ಫೋನಿನಲ್ಲಿ ಕೇಳಿದರೆ ಅಜ್ಜಿಗೆ ಕೇಳಿಸುತ್ತೆ, ವಾಟ್ಸಾಪಿನಲ್ಲಿ ಬರೆದರೆ ಅತ್ತಿಗೆ ಓದುತ್ತಾಳೆ, ಅದಕ್ಕೇ ಕಾಗದ ಅಂತ ಬರೆದಿದ್ದೀಯ. ಹಾಗಾದರೆ ನನ್ನ ಉತ್ತರವೂ ಕಾಗದದಲ್ಲೇ ಇರಲಿ. ನಮ್ಮ ಆಫೀಸಿನ ಮೈಸೂರು ಹುಡುಗ ಇವತ್ತು ಸಂಜೆ ಊರಿಗೆ ಹೊರಡುತ್ತಾನೆ. ಅವನ ಕೈಯಲ್ಲಿ ಕಳಿಸುತ್ತೇನೆ.

ಮೊದಲು ಮುಖ್ಯವಾದದ್ದು. ನನ್ನ ಕೆಲಸ ಹೋಗಿಲ್ಲ. ಸಂಬಳ ಒಂದನೇ ತಾರೀಖಿಗೆ ಸರಿಯಾಗಿ ಬರುತ್ತಿದೆ. ಸಾಲ ಇಲ್ಲ. ನಾನು ಚರ್ಚಿನಲ್ಲಿ ಕಸ ಗುಡಿಸುವ ಕೆಲಸಕ್ಕೆ ಸೇರಿಲ್ಲ. ಮೂರು ಹೊತ್ತೂ ಊಟ ಮಾಡುತ್ತಿದ್ದೇನೆ, ರಾತ್ರಿ ಮೊಸರನ್ನವೇ. ಸ್ವೆಟರ್ ಹಾಕುತ್ತೇನೆ. ಮೈಯೂ ಹುಷಾರಾಗಿದೆ, ತಲೆಯೂ ಹುಷಾರಾಗಿದೆ. ನಾನು ಚರ್ಚಿನ ಮೆಟ್ಟಿಲು ಗುಡಿಸುತ್ತಿರುವ ಆ ಫೋಟೋವನ್ನು ಸೀನುಮಾವ ನಮ್ಮ ಮನೆಯವರ ಗ್ರೂಪಿಗೆ ಹಾಕುವ ಮುಂಚೆ ನನ್ನನ್ನು ಒಂದು ಮಾತು ಕೇಳಬಹುದಿತ್ತು.

ವಿಷಯ ಇಷ್ಟೇ. ಬ್ರೆಮೆನ್ನಿನಲ್ಲಿ ಒಂದು ಪದ್ಧತಿ ಇದೆ. 30 ತುಂಬಿದರೂ ಮದುವೆಯಾಗದ ಗಂಡಸು ಆ ಹುಟ್ಟುಹಬ್ಬದ ದಿನ ಊರ ನಡುವಿನ ಸೇಂಟ್ ಪೀಟರ್ ಕತೀಡ್ರಲ್ಲಿನ ಮೆಟ್ಟಿಲು ಗುಡಿಸಬೇಕು. ಅಲ್ಲಿ ಕಸ ಇರುವುದಿಲ್ಲ, ಕಸವನ್ನೂ ಸ್ನೇಹಿತರೇ ತರುತ್ತಾರೆ. ಬೀರು ಬಾಟಲಿಯ ಮುಚ್ಚಳಗಳು. ನನಗೋಸ್ಕರ ತಿಂಗಳುಗಟ್ಟಲೆ ಕೂಡಿಟ್ಟಿದ್ದರಂತೆ. (ಅಜ್ಜಿಗೆ ಸೋಡಾ ಬಾಟಲಿ ಅಂತ ಹೇಳು.) ಮೂಟೆಗಟ್ಟಲೆ ಸುರಿದರು. ನನಗೆ ಹಳೇ ಕಾಲದ ಕರಿ ಕೋಟು, ಉದ್ದನೆ ಟೋಪಿ ಹಾಕಿಸಿದರು. ಕೈಗೆ ಕೊಟ್ಟಿದ್ದು ಪೊರಕೆಯೂ ಅಲ್ಲ, ಕೋಲಿಗೆ ಕಟ್ಟಿದ ಬಣ್ಣ ಬಳಿಯುವ ಬ್ರಷ್ಷು. ನಾನು ಗುಡ್ಡೆ ಮಾಡುವುದು, ಅವರು ಕಾಲಿನಲ್ಲಿ ಒದ್ದು ಮತ್ತೆ ಹರಡುವುದು. ಪಕ್ಕದಲ್ಲಿ ಒಬ್ಬ ಕೈಯಲ್ಲಿ ತಿರುಗಿಸುವ ಹಾಡಿನ ಪೆಟ್ಟಿಗೆ ಇಟ್ಟುಕೊಂಡು ಒಂದೇ ರಾಗ ಬಾರಿಸುತ್ತಿದ್ದ. ಊರಿಗೆ ಊರೇ ನಿಂತು ನೋಡುತ್ತಿತ್ತು. ಇಲ್ಲಿಯವರಿಗೆ ನಗುವುದಕ್ಕೇ ಬರುವುದಿಲ್ಲ ಅಂತ ಅಪ್ಪ ಹೇಳುತ್ತಿದ್ದರಲ್ಲ, ಅವರಿಗೆ ಈ ಫೋಟೋ ತೋರಿಸು. ಹುಡುಗಿಯರಿಗೂ ಬಿಟ್ಟಿಲ್ಲ. 30 ತುಂಬಿದ ಹುಡುಗಿ ಬಾಗಿಲಿನ ಹಿಡಿಕೆ ಉಜ್ಜಬೇಕು, ಕೆಲವರ ಕೈಗೆ ಹಲ್ಲುಜ್ಜುವ ಬ್ರಷ್ಷು ಕೊಡುತ್ತಾರೆ.

ಗುಡಿಸಿದ್ದು ಮಧ್ಯಾಹ್ನ ಎರಡು ಗಂಟೆಗೆ. ದೀಪ ಹಚ್ಚುವ ಹೊತ್ತಿಗಲ್ಲ. ಇದನ್ನು ಅಜ್ಜಿಗೆ ಮರೆಯದೆ ಹೇಳು, ಇಲ್ಲದಿದ್ದರೆ ಲಕ್ಷ್ಮಿ ಹೊರಟುಹೋದಳು ಅಂತ ಒಂದು ವಾರ ಕೊರಗುತ್ತಾರೆ. ಯಾವ ದೇವರಾದರೇನು, ಮೆಟ್ಟಿಲಿನ ಸೇವೆ. ಹರಕೆ ಅಂದುಬಿಡು.

ಈಗ ನೀನು ಎರಡು ಗೆರೆ ಎಳೆದು ಕೇಳಿರುವ ಪ್ರಶ್ನೆ. "ಕೆನ್ನೆಗೆ ಮುತ್ತು ಕೊಡುತ್ತಿರುವ ಆ ಬಂಗಾರದ ಕೂದಲಿನ ಹುಡುಗಿ ಯಾರು?" ಅಮ್ಮಾ, ಬಂಗಾರ ಅಲ್ಲ, ಬೆಳ್ಳಿ. ಬಿಸಿಲು ಬಿದ್ದು ಹಾಗೆ ಕಂಡಿದೆ. ಅವರಿಗೆ 81 ವರ್ಷ. ಮೆಟ್ಟಿಲು ಗುಡಿಸುವವನನ್ನು ಮದುವೆಯಾಗದ ಹೆಣ್ಣೊಬ್ಬಳು ಬಂದು ಮುತ್ತು ಕೊಟ್ಟು ಬಿಡಿಸಬೇಕು, ಅಲ್ಲಿಯವರೆಗೆ ಪೊರಕೆ ಕೆಳಗಿಡುವ ಹಾಗಿಲ್ಲ. ಮುಕ್ಕಾಲು ಗಂಟೆಯಾದರೂ ಯಾರೂ ಬರಲಿಲ್ಲ. ನನ್ನ ಸೊಂಟ ಹಿಡಿದುಕೊಂಡಿತ್ತು. ಈ ಅಜ್ಜಿ ತರಕಾರಿ ಚೀಲ ಹಿಡಿದುಕೊಂಡು ಹೋಗುತ್ತಿದ್ದರು. ನಿಂತು ನೋಡಿದರು. "ನಾನು ರಿಟೈರ್ಡ್ ಟೀಚರ್. ನನಗೂ ಮದುವೆಯಾಗಿಲ್ಲ. ಈ ಹುಡುಗನನ್ನು ಬಿಡಿ" ಅಂದರು. ಚೀಲವನ್ನು ನನ್ನ ಕೈಗೇ ಕೊಟ್ಟು, ಕೆನ್ನೆಗೊಂದು ಮುತ್ತು ಕೊಟ್ಟರು. ಆಮೇಲೆ ಹೋಗುತ್ತಾ, ಮೇಲಿನ ಮೆಟ್ಟಿಲಿನಿಂದ ಕೆಳಕ್ಕೆ ಗುಡಿಸಬೇಕು ಕಣೋ, ಕೆಳಗಿನಿಂದ ಮೇಲಕ್ಕಲ್ಲ ಅಂತ ಬೈದು ಹೋದರು. ಸೀನುಮಾವನಿಗೆ ಪೂರ್ತಿ ಫೋಟೋ ಹಾಕಲು ಹೇಳು. ಅವರು ಕತ್ತರಿಸಿ ಹಾಕಿರುವ ಭಾಗದಲ್ಲಿ ಚೀಲದಿಂದ ಹೊರಗೆ ಇಣುಕುತ್ತಿರುವ ಎಲೆಕೋಸು ಇದೆ. ಪ್ರೇಮ ಪ್ರಕರಣಕ್ಕೆ ಯಾರಾದರೂ ಎಲೆಕೋಸು ತರುತ್ತಾರಾ?

ಬೇರೆ ಹುಡುಗಿ ಯಾರೂ ಇಲ್ಲ. ಇನ್ನೊಂದು ಸಲ ಬರೆಯುತ್ತೇನೆ, ಯಾರೂ ಇಲ್ಲ.

ನಿನ್ನ ನಿಜವಾದ ಚಿಂತೆ ಫೋಟೋ ಅಲ್ಲ, ರಾಜಾಜಿನಗರದ ಹುಡುಗಿ ಮನೆಯವರು ಅಂತ ನನಗೆ ಗೊತ್ತು. "ಅವರು ನೋಡಿದರೆ ಏನು ಗತಿ, ಹುಡುಗನಿಗೆ ಗಾಂಭೀರ್ಯವೇ ಇಲ್ಲ ಅಂದುಕೊಳ್ಳಲ್ವಾ, ಮದುವೆ ಅಂದರೆ ನಗೆಪಾಟಲು ಅಂದುಕೊಂಡಿದ್ದೀಯಾ" ಅಂತ ಬರೆದಿದ್ದೀಯ. ಬರೆದವಳು ಯಾರು ನೋಡು! ನಿಮ್ಮ ಮದುವೆಯಲ್ಲಿ ಅಪ್ಪ ಕೊಡೆ ಹಿಡಿದು ಕಾಶೀಯಾತ್ರೆಗೆ ಹೊರಟವರು ಛತ್ರದ ಬಾಗಿಲಲ್ಲಿ ನಿಲ್ಲದೆ ಗಾಂಧಿಬಜಾರಿನವರೆಗೆ ನಡೆದುಬಿಟ್ಟಿದ್ದರಂತೆ. ಮಲ್ಲೇಶ್ವರದ ತಾತ ಹಿಂದೆಯೇ ಓಡಿಬಂದು, "ಕಾಶಿಗೆ ಹೋಗಬೇಡಿ, ಮಗಳನ್ನು ಕೊಡ್ತೀನಿ" ಅಂತ ರಸ್ತೆಯಲ್ಲಿ ಏದುಸಿರು ಬಿಡುತ್ತಾ ಹೇಳಿದರಂತೆ. ಅವತ್ತು ಶುಕ್ರವಾರ, ಅಲ್ಲಿಯ ದೋಸೆ ಹೋಟೆಲು ವಿದ್ಯಾರ್ಥಿ ಭವನಕ್ಕೆ ರಜೆ. ಅದಕ್ಕೇ ವಾಪಸ್ ಬಂದೆ, ತೆಗೆದಿದ್ದರೆ ಮುಹೂರ್ತ ಮೀರುತ್ತಿತ್ತು ಅನ್ನುತ್ತಾರೆ ಅಪ್ಪ. ಈ ಕಥೆಯನ್ನು ನಾನು ನೂರು ಸಲ ಕೇಳಿದ್ದೇನೆ. ನೂರು ಸಲವೂ ನೀನು "ಸಾಕು ಸುಮ್ನಿರಿ" ಅಂದಿದ್ದೀಯ. ನೂರು ಸಲವೂ ಸೆರಗು ಬಾಯಿಗೆ ಅಡ್ಡ ಹಿಡಿದು ನಕ್ಕಿದ್ದೀಯ. ಇಲ್ಲಿಯೂ ಅಂಥದೊಂದು ಇದೆ. ವರ್ಷದ ಕೊನೆಯ ರಾತ್ರಿ ಟಿವಿಯಲ್ಲಿ 1963ರಲ್ಲಿ ಚಿತ್ರೀಕರಿಸಿದ ಒಂದು ಇಂಗ್ಲಿಷ್ ಪ್ರಹಸನ ಬರುತ್ತದೆ. ಪ್ರತಿ ವರ್ಷ ಅದೇ. ಹದಿನೆಂಟು ನಿಮಿಷ, ಒಬ್ಬ ಮುದುಕಿ, ಒಬ್ಬ ಬಟ್ಲರ್. ನನ್ನ ಮನೆ ಮಾಲೀಕರಿಗೆ ಪ್ರತಿ ಮಾತೂ ಬಾಯಿಪಾಠ. ಅವರ ಹೆಂಡತಿ ಅಡುಗೆಮನೆಯಿಂದಲೇ ಮುಂದಿನ ಮಾತು ಹೇಳುತ್ತಾರೆ. ಇಬ್ಬರೂ ನಗುತ್ತಾರೆ. ನನಗೆ ನಿಮ್ಮಿಬ್ಬರ ನೆನಪಾಯಿತು. ಅವತ್ತು ರಾತ್ರಿ ನಾನು ಫೋನ್ ಮಾಡಿ ಸುಮ್ಮನೆ ಇದ್ದೆನಲ್ಲ, ನೆಟ್‌ವರ್ಕ್ ಸರಿಯಿಲ್ಲ ಅಂದೆನಲ್ಲ, ನೆಟ್‌ವರ್ಕ್ ಸರಿಯಾಗೇ ಇತ್ತು.

ಇರಲಿ. ರಾಜಾಜಿನಗರದ ವಿಷಯಕ್ಕೆ ಬರುತ್ತೇನೆ. ಬೈಯುವುದಿದ್ದರೆ ಕೊನೆಯವರೆಗೆ ಓದಿ ಆಮೇಲೆ ಬೈ.

ಡಿಸೆಂಬರಿನಲ್ಲಿ ಹುಡುಗಿ ನೋಡಲು ಹೋದಾಗ ಉಪ್ಪಿಟ್ಟಿನಲ್ಲಿದ್ದ ಹಸಿಮೆಣಸಿನಕಾಯಿಯನ್ನು ಬೀನ್ಸು ಅಂತ ಕಚ್ಚಿದೆನಲ್ಲ. ಕಣ್ಣಲ್ಲಿ ನೀರು ಬಂತು. ಅವರ ಸೋದರಮಾವ "ಹುಡುಗ ಭಾವಜೀವಿ" ಅಂದರು. ನೀವೆಲ್ಲ ತಲೆಯಾಡಿಸಿದಿರಿ. ಆಮೇಲೆ ನಮ್ಮಿಬ್ಬರನ್ನು ಮಾತಾಡಿಕೊಳ್ಳಲಿ ಅಂತ ಟೆರೇಸಿಗೆ ಕಳಿಸಿದಿರಿ. ಒಣಹಾಕಿದ ಸಂಡಿಗೆ ಪಕ್ಕ ನಿಂತುಕೊಂಡು ಶ್ರುತಿ ಕೇಳಿದ ಮೊದಲನೇ ಮಾತು ಏನು ಗೊತ್ತಾ? "ಈಗಲೇ ಅಳ್ತಿದ್ದೀರಲ್ಲ, ಮದುವೆ ಆದ್ಮೇಲೆ ಏನ್ಮಾಡ್ತೀರಾ?" ನಾನು ಸಂಬಳ, ಹವ್ಯಾಸ, ಭವಿಷ್ಯದ ಯೋಜನೆ ಎಲ್ಲ ಬಾಯಿಪಾಠ ಮಾಡಿಕೊಂಡು ಹೋಗಿದ್ದೆ. ಬಾಯಿಂದ ಬಂದಿದ್ದು "ನೀರು ಕೊಡ್ತೀರಾ" ಅಷ್ಟೇ. ಕೆಳಗೆ ಬಂದಾಗ ನೀನು "ಏನು ಮಾತಾಡಿದಿರಿ" ಅಂತ ಕೇಳಿದೆ. ನಾನು "ಜನರಲ್ ಆಗಿ" ಅಂದೆ.

ಯೋಚನೆ ಮಾಡಿ ಹೇಳುತ್ತೇವೆ ಅಂತ ನೀವು ದೊಡ್ಡವರು ಎರಡೂ ಕಡೆ ಸುಮ್ಮನೆ ಕೂತಿರಿ. ನಾವು ಸುಮ್ಮನೆ ಕೂರಲಿಲ್ಲ. ನಾಲ್ಕು ತಿಂಗಳಿಂದ ಮಾತಾಡುತ್ತಿದ್ದೇವೆ. ದಿನಾ. ಇದನ್ನು ಅತ್ತಿಗೆಗೆ ಹೇಳಬೇಡ, ಅವಳಿಗೆ ಗೊತ್ತು.

ಎಲ್ಲ ನಗುನಗುತ್ತಲೇ ಆಯಿತು ಅಂತ ತಿಳಿಯಬೇಡ. ಫೆಬ್ರವರಿಯಲ್ಲಿ ನಾನು ಫೋನಿನಲ್ಲಿ ಒಂಥರಾ ಇದ್ದೆ, ಶೀತ ಅಂದೆ, ನೀನು ಮೆಣಸಿನ ಸಾರು ಮಾಡಿಕೋ ಅಂದೆಯಲ್ಲ. ಅದು ಶೀತ ಅಲ್ಲ. ಶ್ರುತಿಯ ತಂದೆಗೆ ಕಣ್ಣಿನ ಪೊರೆಯ ಆಪರೇಷನ್ ಇತ್ತು. ಸಕ್ಕರೆ ಜಾಸ್ತಿಯಾಗಿದೆ ಅಂತ ಎರಡು ಸಲ ಮುಂದಕ್ಕೆ ಹಾಕಿದ್ದರು. ಶ್ರುತಿ ಆಸ್ಪತ್ರೆಯಿಂದ ಮೆಸೇಜ್ ಮಾಡಿದಳು, ಇವತ್ತು ಮಾಡ್ತಾರಂತೆ ಅಂತ. ನಾನು ದೊಡ್ಡ ಜಾಣನ ಹಾಗೆ ಬರೆದೆ: "ಇನ್ಮೇಲೆ ಅವರಿಗೆ ನಾನು ಹೇಗಿದ್ದೀನಿ ಅಂತ ಸರಿಯಾಗಿ ಕಾಣುತ್ತೆ. ನನ್ನ ಕಥೆ ಮುಗೀತು."

ಮೂರು ದಿನ ಉತ್ತರ ಇಲ್ಲ.

ನಾನು ಇನ್ನೂ ಎರಡು ಜೋಕು ಕಳಿಸಿದೆ. ಅದರ ಮೇಲೆ ನಗುವ ಮುಖ. ಅದರ ಮೇಲೆ ಅಳುವ ಮುಖ. ಉರಿಯುವ ಒಲೆಗೆ ಸೀಮೆಎಣ್ಣೆ ಸುರಿದ ಹಾಗೆ ಆಯಿತು. ಎದುರಿಗಿದ್ದಿದ್ದರೆ ಅವಳ ಮುಖ ನೋಡಿಯಾದರೂ ಬಾಯಿ ಮುಚ್ಚುತ್ತಿದ್ದೆ. ಮೆಸೇಜಿಗೆ ಮುಖ ಎಲ್ಲಿದೆ? ಕೊನೆಗೆ ಫೋನ್ ಮಾಡಿ "ಹೇಗಿದ್ದಾರೆ?" ಅಂತಷ್ಟೇ ಕೇಳಿದೆ. ಅವಳು ಅತ್ತಳು. ಮೊದಲನೇ ದಿನವೇ ಕೇಳಬೇಕಾಗಿದ್ದ ಮಾತು ಅದು, ದಡ್ಡ ನಾನು. ಆಮೇಲೆ ನಲವತ್ತು ನಿಮಿಷ ಮಾತಾಡಿದಳು. ನಾನು ಹೂಂ, ಹೂಂ ಅಂದೆ ಅಷ್ಟೇ. ಇಡುವ ಮುಂಚೆ ಅವಳೇ ಹೇಳಿದಳು, ನಿಮ್ಮ ಜೋಕು ಅಪ್ಪನಿಗೆ ಹೇಳಿದೆ ಅಂತ. ನನ್ನ ಕೈಕಾಲು ತಣ್ಣಗಾಯಿತು. ಅವರು ಕಣ್ಣಿಗೆ ಕಟ್ಟಿದ ಪಟ್ಟಿ ತೆಗೆಯುವ ಮುಂಚೆಯೇ ಹೇಳಿದರಂತೆ: "ಹುಡುಗ ಹೇಗಿದ್ದಾನೆ ಅಂತ ಒಂದೇ ಕಣ್ಣಲ್ಲೂ ಗೊತ್ತಾಗುತ್ತಮ್ಮ."

ಒಳ್ಳೆ ಅರ್ಥದಲ್ಲೇ ಹೇಳಿದ್ದು ಅಂತ ಶ್ರುತಿ ಅನ್ನುತ್ತಾಳೆ. ನಾನು ಇನ್ನೂ ಯೋಚನೆ ಮಾಡುತ್ತಿದ್ದೇನೆ.

ಆ ಮೂರು ದಿನ ನನಗೆ ನೆನಪಾಗಿದ್ದು ನಮ್ಮ ಮನೆಯ ಸಕ್ಕರೆ ಇಲ್ಲದ ಕಾಫಿ. ಪದ್ದತ್ತೆಯ ಗೃಹಪ್ರವೇಶದಲ್ಲಿ ಅಪ್ಪ ಎಲ್ಲರ ಎದುರಿಗೆ "ನಮ್ಮನೆ ಇಡ್ಲಿ ಒಂದು ಡಜನ್ ಕಳಿಸಿದ್ದರೆ ಪಾಯಕ್ಕೆ ಆಗುತ್ತಿತ್ತು" ಅಂದರು. ನೀನು ಅಲ್ಲಿ ನಕ್ಕೆ. ಮಾರನೇ ದಿನದಿಂದ ಎಂಟು ದಿನ ಅಪ್ಪನ ಕಾಫಿಗೆ ಸಕ್ಕರೆ ಬೀಳಲಿಲ್ಲ. ಅವರು ಒಂದು ಮಾತಾಡದೆ ಕುಡಿದರು. ಒಂಬತ್ತನೇ ದಿನ ಲೋಟ ಕೆಳಗಿಟ್ಟು, "ಡಾಕ್ಟರು ವರ್ಷದಿಂದ ಹೇಳಿದರೂ ಆಗಿರಲಿಲ್ಲ, ನೀನು ಬಿಡಿಸಿದೆ" ಅಂದರು. ನೀನು ಅಡುಗೆಮನೆ ಕಡೆ ತಿರುಗಿಕೊಂಡು ನಕ್ಕೆಯಲ್ಲ, ನಾನು ಹೋಂವರ್ಕ್ ಮಾಡುತ್ತಾ ನೋಡಿದ್ದೇನೆ. ಆದರೂ ಅಪ್ಪ ಒಂಬತ್ತು ದಿನ ಕಾದಿದ್ದು ಜಾಸ್ತಿಯಾಯಿತು. ನಾನಾಗಿದ್ದರೆ ಎರಡನೇ ದಿನವೇ ಶರಣಾಗುತ್ತಿದ್ದೆ.

ಇನ್ನು ಫೋಟೋ. ಸೀನುಮಾವ ಹಾಕುವ ಮುಂಚೆಯೇ ಶ್ರುತಿಗೆ ನಾನೇ ಕಳಿಸಿದ್ದೆ. ಎಲೆಕೋಸು ಸಮೇತ. ಅವಳು ಅವರ ಮನೆಯಲ್ಲಿ ಎಲ್ಲರಿಗೂ ತೋರಿಸಿದ್ದಾಳೆ. ಅವರ ತಾಯಿ ದೊಡ್ಡದು ಮಾಡಿ ನೋಡಿ ಒಂದೇ ಮಾತು ಅಂದರಂತೆ: "ಮೂಲೆ ಬಿಟ್ಟಿದ್ದಾನೆ." ಅಷ್ಟೇ ಅಮ್ಮಾ. ಬೇರೇನೂ ಇಲ್ಲ. ನೀನು ನಿದ್ದೆಗೆಟ್ಟಿದ್ದು ದಂಡ. ನೀನು ನೋಡಿದ್ದರೂ ಅದನ್ನೇ ಹೇಳುತ್ತಿದ್ದೆ, ಅಲ್ವಾ?

ಪೊರಕೆ ಇಲ್ಲಿಗೇ ಮುಗಿಯುವುದಿಲ್ಲ. ಇಲ್ಲಿ ಮದುವೆಯ ಹಿಂದಿನ ದಿನ ಹುಡುಗಿ ಮನೆ ಮುಂದೆ ನೆಂಟರಿಷ್ಟರೆಲ್ಲ ಪಿಂಗಾಣಿ ತಟ್ಟೆ, ಬಟ್ಟಲು ತಂದು ಒಡೆಯುತ್ತಾರೆ. ಒಡೆದಷ್ಟೂ ಶುಭ. ಗಾಜು ಮಾತ್ರ ಒಡೆಯಬಾರದು. ಆಮೇಲೆ ಹುಡುಗ ಹುಡುಗಿ ಸೇರಿ ಗುಡಿಸಬೇಕು. ನನ್ನ ಜೊತೆ ಕೆಲಸ ಮಾಡುವವನ ಮದುವೆಗೆ ಹೋಗಿದ್ದೆ. ಅವರಿಬ್ಬರ ಮೊದಲನೇ ಜಗಳ ನಮ್ಮೆಲ್ಲರ ಎದುರಿಗೇ ಆಯಿತು, ಮೊರ ಯಾರು ಹಿಡಿಯಬೇಕು ಅಂತ. ಉರುಟಣೆಯಲ್ಲಿ ಹಪ್ಪಳ ಒಡೆಯುವ ನಾವೇ ಜಾಣರು. ಚೂರನ್ನು ತಿನ್ನಲಾದರೂ ಬಹುದು.

ಇನ್ನೊಂದು ಹೇಳದಿದ್ದರೆ ನಿದ್ದೆ ಬರಲ್ಲ. ಇಲ್ಲಿಯ ಟೌನ್ ಹಾಲಿನ ಪಕ್ಕದಲ್ಲಿ ಕತ್ತೆ, ಅದರ ಮೇಲೆ ನಾಯಿ, ಬೆಕ್ಕು, ಕೋಳಿ ನಿಂತಿರುವ ಕಂಚಿನ ಗೊಂಬೆ ಇದೆ. 1953ರಿಂದ ಇದೆಯಂತೆ. ಕತ್ತೆಯ ಮುಂಗಾಲು ಎರಡನ್ನೂ ಎರಡು ಕೈಯಲ್ಲಿ ಹಿಡಿದು ಬೇಡಿಕೊಂಡರೆ ಅಂದುಕೊಂಡಿದ್ದು ಆಗುತ್ತೆ ಅನ್ನುತ್ತಾರೆ. ಎಲ್ಲರೂ ಉಜ್ಜಿ ಉಜ್ಜಿ ಕಾಲು ಫಳಫಳ ಅನ್ನುತ್ತಿದೆ. ಮೆಟ್ಟಿಲು ಗುಡಿಸಿದ ಮೇಲೆ ನಾನೂ ಹೋಗಿ ಹಿಡಿದೆ. ಏನು ಬೇಡಿಕೊಂಡೆ ಅಂತ ನಿನಗೆ ಬಿಡಿಸಿ ಹೇಳಬೇಕಾಗಿಲ್ಲ. ಹಿಡಿದಿದ್ದು ಮಾತ್ರ ಒಂದೇ ಕೈಯಲ್ಲಿ, ಇನ್ನೊಂದರಲ್ಲಿ ಬ್ರಷ್ಷಿತ್ತು. ಒಂದೇ ಕೈಯಲ್ಲಿ ಹಿಡಿದರೆ ಏನರ್ಥ ಗೊತ್ತಾ? ಒಂದು ಕತ್ತೆ ಇನ್ನೊಂದು ಕತ್ತೆಗೆ ಕೈಕುಲುಕಿತು ಅಂತ. ಪಕ್ಕದಲ್ಲಿದ್ದ ಮುದುಕರು ಬಹಳ ಸಂತೋಷದಿಂದ ಹೇಳಿದರು. ಅದಕ್ಕೇ ಕತ್ತೆಯನ್ನು ನಂಬಿ ಕೂರಲ್ಲ, ನೀನೇ ಶ್ರುತಿಯ ತಾಯಿಗೆ ಫೋನ್ ಮಾಡು. ನಾನು ಬರೆದಿದ್ದೇನೆ ಅಂತ ಹೇಳಬೇಡ. "ಹೇಗಿದ್ದೀರಿ, ಕಣ್ಣು ಹೇಗಿದೆ" ಅಂತ ಶುರು ಮಾಡು. ಮಿಕ್ಕಿದ್ದು ಅವರೇ ತೆಗೆಯುತ್ತಾರೆ. ಅವರೂ ನಿನ್ನ ಫೋನಿಗೆ ಕಾಯುತ್ತಿದ್ದಾರೆ, ಶ್ರುತಿ ಹೇಳಿದಳು.

ತಾತನ ಟ್ರಂಕಿನಲ್ಲಿರುವ ಕೊರವಂಜಿ ಹಾಸ್ಯಪತ್ರಿಕೆಯ ಸಂಚಿಕೆಗಳಿಗೆ ಗೆದ್ದಲು ಹತ್ತದ ಹಾಗೆ ನೋಡಿಕೋ. 1967ರಲ್ಲೇ ನಿಂತುಹೋದ ಪತ್ರಿಕೆ, ಮತ್ತೆ ಸಿಗಲ್ಲ. ಶ್ರುತಿಗೆ ತೋರಿಸುತ್ತೇನೆ ಅಂದುಬಿಟ್ಟಿದ್ದೇನೆ.

ಬೆಲ್ ಆಯಿತು, ಮೈಸೂರು ಹುಡುಗ ಬಂದ. ಟ್ರಾಮ್ ಹನ್ನೊಂದು ನಿಮಿಷಕ್ಕೆ ಅಂತೆ. ಚಾಕೊಲೇಟ್ ಕಳಿಸಿದ್ದೇನೆ. ಭಾನುವಾರ ಅಂಗಡಿ ಮುಚ್ಚಿರುತ್ತೆ ಅಂತ ನಿನ್ನೆಯೇ ತಂದಿಟ್ಟಿದ್ದೆ. ಕೆಂಪು ಡಬ್ಬಿಯದರಲ್ಲಿ ರಮ್ ಇದೆ, ಅಜ್ಜಿಗೆ ಕೊಡಬೇಡ. ನಾನು ಚೆನ್ನಾಗಿದ್ದೇನೆ. ನಿಜವಾಗಲೂ ಚೆನ್ನಾಗಿದ್ದೇನೆ. ಸೊಂಟವೂ ಸರಿಹೋಗಿದೆ. ಅಪ್ಪನಿಗೆ ಬಿಪಿ ಮಾತ್ರೆ ನೆನಪಿಸು. ಅಣ್ಣನ ಗಾಡಿ

ಹೊರಟ. ಮಿಕ್ಕಿದ್ದು ಫೋನಿನಲ್ಲಿ.

ನಿನ್ನ
ಪುಟ್ಟ