ನಟಿಯರ ಟ್ರಂಕಿನ ಕಾಗದ ಉಳಿಸಲು ಕೈಜೋಡಿಸಿ: ದೇಣಿಗೆ ಮನವಿ

ಮಾನ್ಯ ರಂಗಾಭಿಮಾನಿಗಳೇ,

ಬಳ್ಳಾರಿ ಸೀಮೆಯ ನಾಟಕ ಕಲಾವಿದೆಯರ ಮನೆಗಳಲ್ಲಿ ಕರಪತ್ರ, ಪಾತ್ರದ ಮಾತು ಬರೆದುಕೊಂಡ ನೋಟ್‌ಬುಕ್, ಫೋಟೊ, ಸನ್ಮಾನಪತ್ರಗಳು ಟ್ರಂಕಿನಲ್ಲೇ ಜೀರ್ಣವಾಗುತ್ತಿವೆ. ಅವನ್ನು ಸರಿಪಡಿಸಿ, ಓದುವವರ ಕೈಗೆ ಸಿಗುವಂತೆ ಊರಿನಲ್ಲೇ ಒಂದು ಕೋಣೆ ಅಣಿ ಮಾಡಲು ನಮ್ಮ ಟ್ರಸ್ಟ್ ನಿಮ್ಮ ನೆರವು ಕೋರುತ್ತಿದೆ.

ಈ ಕೆಲಸಕ್ಕೆ ನಮಗೆ ಮಾದರಿ ಪ್ಯಾರಿಸ್ಸಿನ ನಟಿ ಮಾರ್ಗರೀತ್ ದ್ಯುರಾಂ. ರಂಗಭೂಮಿ ಬಿಟ್ಟು ಪತ್ರಿಕೆಗೆ ಬಂದವರು. 1896ರಲ್ಲಿ ಮಹಿಳಾ ಸಮ್ಮೇಳನವೊಂದನ್ನು ಗೇಲಿ ಮಾಡಿ ಬರೆಯಲೆಂದು ‘ಫಿಗಾರೊ’ ಪತ್ರಿಕೆ ಅವರನ್ನು ಕಳಿಸಿತು. ಅಲ್ಲಿನ ಮಾತು ಕೇಳಿದ ಮೇಲೆ ಅವರು ಅದನ್ನು ಬರೆಯಲು ಒಪ್ಪಲಿಲ್ಲ. 1897ರ ಡಿಸೆಂಬರ್ 9ರಂದು ತಮ್ಮದೇ ದಿನಪತ್ರಿಕೆ ‘ಲಾ ಫ್ರೋಂದ್’ ಹೊರತಂದರು. ವರದಿಯಿಂದ ಅಚ್ಚುಮೊಳೆ ಜೋಡಿಸುವವರೆಗೆ ಎಲ್ಲರೂ ಹೆಂಗಸರೇ. ಮೊಳೆ ಜೋಡಿಸುವವರಿಗೆ ಗಂಡಸರಷ್ಟೇ ಕೂಲಿ. ಜೀವಮಾನವಿಡೀ ಕೂಡಿಟ್ಟ ಪುಸ್ತಕ, ಪತ್ರ, ಪತ್ರಿಕೆಗಳನ್ನು 1931ರಲ್ಲಿ ಪ್ಯಾರಿಸ್ ನಗರಕ್ಕೆ ಕೊಟ್ಟು, 1936ರಲ್ಲಿ ತೀರಿಕೊಳ್ಳುವವರೆಗೂ ಸಂಬಳವಿಲ್ಲದೆ ಅದನ್ನು ನೋಡಿಕೊಂಡರು. ಅವರ ಹೆಸರಿನ ಆ ಗ್ರಂಥಾಲಯ ಇಂದಿಗೂ ಇದೆ.

ಹೆಣ್ಣಿನ ಪಾತ್ರವನ್ನು ಹೆಣ್ಣೇ ಮಾಡಬೇಕೆಂದು ಪಟ್ಟುಹಿಡಿದ ಬಳ್ಳಾರಿ ರಾಘವರ ಊರು ನಮ್ಮದು. ಇಲ್ಲಿನ ಹಿರಿಯ ರಂಗನಟಿ ಸುಭದ್ರಮ್ಮ ಮನ್ಸೂರರು 2020ರಲ್ಲಿ ಅಗಲಿದರು. ಆ ತಲೆಮಾರಿನ ದಾಖಲೆ ಇರುವುದೇ ಇಂಥ ಕಾಗದಗಳಲ್ಲಿ. ಒಂದು ಕರಪತ್ರ ಸಿಕ್ಕರೆ ಸಾಕು, ನಾಟಕ ನಡೆದ ಊರು, ತಾರೀಕು, ಟಿಕೆಟ್ ದರ, ನಟಿಯ ಹೆಸರು ಎಷ್ಟು ದಪ್ಪ ಅಕ್ಷರದಲ್ಲಿತ್ತು ಎಂಬುದು ತಿಳಿಯುತ್ತದೆ.

ಕರಪತ್ರ ಅಚ್ಚಾಗುವುದು ಅಗ್ಗದ ಕಾಗದದ ಮೇಲೆ. ಅದರಲ್ಲಿರುವ ಆಮ್ಲ ಹೊರಗಿನ ಗಾಳಿ, ಬೆಳಕು, ಬಿಸಿಲಿಗೆ ಇನ್ನಷ್ಟು ಕೆರಳಿ, ಕಾಗದ ಹಳದಿಯಾಗಿ ಮಡಿಕೆಯಲ್ಲೇ ಮುರಿಯುತ್ತದೆ. ಬಳ್ಳಾರಿಯ ಬೇಸಿಗೆ ಇದನ್ನು ಬೇಗ ಮಾಡುತ್ತದೆ. ಗಣಿಯ ಕೆಂಪು ದೂಳನ್ನು ಬಟ್ಟೆಯಿಂದ ಉಜ್ಜಿದರೆ ಅಕ್ಷರವೂ ಹೋಗುತ್ತದೆ. ಮೆತ್ತನೆಯ ಬ್ರಶ್‌ನಿಂದ ಒಂದೇ ದಿಕ್ಕಿಗೆ ಝಾಡಿಸಬೇಕು. ಸೆಲೊಟೇಪ್ ಅಂಟಿಸಿದರೆ ಕೆಲವೇ ವರ್ಷಗಳಲ್ಲಿ ಕಂದು ಕಲೆ ಬಿದ್ದು ಮತ್ತೆ ಬಿಡಿಸಲಾಗದು. ಲ್ಯಾಮಿನೇಶನ್ ಅಂತೂ ಬೇಡವೇ ಬೇಡ, ಅದನ್ನು ತೆಗೆಯುವಾಗ ಅಕ್ಷರವೂ ಕಿತ್ತು ಬರುತ್ತದೆ. ಮನೆಯ ಮೈದಾ ಅಂಟಿನ ರುಚಿಗೆ ಹುಳ ಬರುತ್ತದೆ. ಹರಿದದ್ದನ್ನು ತೆಳುವಾದ ಜಪಾನಿ ಕಾಗದ ಮತ್ತು ಬೇಕೆಂದಾಗ ಬಿಡಿಸಬಹುದಾದ ಮೀಥೈಲ್ ಸೆಲ್ಯುಲೋಸ್ ಅಂಟಿನಿಂದಲೇ ಜೋಡಿಸಬೇಕು. ಆಮೇಲೆ 400 ಡಿಪಿಐಯಲ್ಲಿ (ಇಂಚಿಗೆ 400 ಚುಕ್ಕೆಗಳ ಸ್ಪಷ್ಟತೆಯಲ್ಲಿ) ಸ್ಕ್ಯಾನ್ ಮಾಡಿ, ಪ್ರತಿಯನ್ನು ಎರಡು ಬೇರೆ ಜಾಗಗಳಲ್ಲಿ ಇಡಬೇಕು. ಗೆದ್ದಲಿನ ಭಯಕ್ಕೆ ಕಬ್ಬಿಣದ ರ‍್ಯಾಕ್, ಅದೂ ನೆಲದಿಂದ ಆರಿಂಚು ಮೇಲೆ, ಗೋಡೆಗೆ ತಾಗದಂತೆ.

ಕೋಣೆ ಟ್ರಸ್ಟಿನ ಬಳಿ ಇದೆ. ಆಮ್ಲರಹಿತ ಪೆಟ್ಟಿಗೆ ಒಂದಕ್ಕೆ, ಒಳಗಿನ 20 ಫೋಲ್ಡರ್ ಸೇರಿ, ನಮ್ಮ ಅಂದಾಜಿನಲ್ಲಿ 1,800 ರೂಪಾಯಿ. ಮೊದಲ ಹಂತಕ್ಕೆ 40 ಪೆಟ್ಟಿಗೆ ಬೇಕು, ಅಂದರೆ 72,000 ರೂಪಾಯಿ. ಸ್ಕ್ಯಾನರ್, ರ‍್ಯಾಕ್‌ಗಳು ಬೇರೆ. ಒಂದು ಪೆಟ್ಟಿಗೆಯ ಹಣ ಕೊಟ್ಟವರ ಹೆಸರನ್ನು ಆ ಪೆಟ್ಟಿಗೆಯ ಮೇಲೆ ಬರೆಯುತ್ತೇವೆ. ಚೆಕ್ ಅಥವಾ ಬ್ಯಾಂಕ್ ವರ್ಗಾವಣೆಯ ಮೂಲಕ ಕೊಡಿ. ಪ್ರತಿ ದೇಣಿಗೆಗೂ ರಸೀದಿ, ವರ್ಷಾಂತ್ಯಕ್ಕೆ ಖರ್ಚಿನ ಲೆಕ್ಕ ತಪ್ಪದೆ ಕೊಡುತ್ತೇವೆ.

ಹಣಕ್ಕಿಂತ ಮೊದಲು ನಿಮ್ಮ ಮನೆಯ ಟ್ರಂಕು ನೋಡಿ. ಅಜ್ಜಿಯೋ ಅತ್ತೆಯೋ ನಾಟಕ ಮಾಡಿದ್ದರೆ, ಇದ್ದ ಕಾಗದವನ್ನು ಒರೆಸದೆ, ಮಡಿಕೆ ಬಿಡಿಸದೆ, ಗುಂಡುಸೂಜಿ ಎಳೆಯದೆ ಒಂದು ರಟ್ಟಿನ ಪೆಟ್ಟಿಗೆಯಲ್ಲಿ ತನ್ನಿ. ಮೂಲ ಪ್ರತಿ ಮನೆಯಲ್ಲೇ ಇರಲೆಂದರೆ ಸ್ಕ್ಯಾನ್ ಮಾಡಿ, ಫೋಲ್ಡರ್ ಸಮೇತ ಹಿಂದಿರುಗಿಸುತ್ತೇವೆ.